ತಟ್ಟೆಯ ಮೇಲಿನ ಟೋಪಿ

ಹಡರ್ಸ್‌ಫೀಲ್ಡ್
ಭಾನುವಾರ, ನವೆಂಬರ್ ೧೩, ೧೯೪೯

ಗ್ಯಾಲರಿಯಲ್ಲಿ ಕಿಕ್ಕಿರಿದಿರುವ ಮಹಾಜನಗಳೇ, ಮುಂದಿನ ಸಾಲಿನ ಶ್ರೀಮಂತರೇ, ಹಿಂದೆ ಕಂಬಕ್ಕೆ ಒರಗಿ ನಿಂತ ದೊರೆಗಳೇ, ಕೆಮ್ಮುವವರು ಈಗಲೇ ಕೆಮ್ಮಿ ಮುಗಿಸಿ, ಕಿತ್ತಳೆ ಸುಲಿಯುವವರು ಸುಲಿದು ಮುಗಿಸಿ, ಇತ್ತ ಕಿವಿಗೊಡಿ. ನಿಮ್ಮ ಮುಂದೆ ಬಂದು ನಿಂತಿರುವವನು ಆಂಬ್ರೋಸ್ ಟಾರ್ಡಾಫ್. ವಯಸ್ಸು ಐವತ್ತಾರು. ಈ ಊರಿನ ಆಲ್ಬಿಯನ್ ಥಿಯೇಟರಿನಲ್ಲಿ ವಾರಕ್ಕೊಂದು ನಾಟಕ, ನಾಟಕಕ್ಕೊಬ್ಬ ಮುದುಕ, ಹೀಗೆ ಹನ್ನೆರಡು ವರ್ಷದಿಂದ ಬಣ್ಣ ಹಚ್ಚುತ್ತಿರುವವನು.

ಆಯಿತು ಲಯನೆಲ್, ಸಭೆಯಲ್ಲಿ ಕೂತಿರುವವನು ನೀನೊಬ್ಬನೇ ಎಂದು ನನಗೆ ಗೊತ್ತು. ಒಬ್ಬನಿಗಾಗಿ ಪರದೆ ಎತ್ತಿದರೂ ನನ್ನ ದನಿ ತಗ್ಗುವುದಿಲ್ಲ. ಬಾರ್ನ್ಸ್‌ಲಿಯ ಆ ಹಿಮದ ಬುಧವಾರ ನೆನಪಿದೆಯಾ? ನಾಲ್ಕೇ ಜನ. ಅದರಲ್ಲಿ ಇಬ್ಬರು ಬೆಚ್ಚಗಿರಲೆಂದು ಬಂದವರು. ಆವತ್ತೂ ಕೊನೆಯ ಬೆಂಚಿಗೆ ಕೇಳುವ ಹಾಗೇ ಅರಚಿದೆವು.

ಕಾಗದಕ್ಕೆ ಕಾರಣ ಇಷ್ಟು. ಮೊನ್ನೆ ಗುರುವಾರ ಮಧ್ಯಾಹ್ನ ನಿನ್ನ ಸಿನಿಮಾ ನೋಡಿದೆ. ನಾನಿರುವ ಮನೆಯ ಯಜಮಾನಿ ಮಿಸೆಸ್ ಹೇಗ್ ಎಳೆದುಕೊಂಡು ಹೋದಳು. ಒಂದೂವರೆ ಗಂಟೆಯ ಚಿತ್ರ, ನೀನಿರುವುದು ಎರಡು ನಿಮಿಷ. ಅಂಚೆಯವನ ಪಾತ್ರ. ಯುದ್ಧಕ್ಕೆ ಹೋದ ಮಗ ಸತ್ತನೆಂಬ ತಂತಿ ತರುತ್ತೀಯೆ. ತಾಯಿ ಊಟಕ್ಕೆ ತಟ್ಟೆ ಹಾಕಿದ್ದಾಳೆ, ಮಗನಿಗೂ ಒಂದು. ನೀನು ಟೋಪಿ ತೆಗೆಯುತ್ತೀಯೆ, ಎಲ್ಲಿಡುವುದೋ ತಿಳಿಯದೆ ಅತ್ತಿತ್ತ ನೋಡುತ್ತೀಯೆ, ಕೊನೆಗೆ ಆ ಖಾಲಿ ತಟ್ಟೆಯ ಮೇಲೆ ಇಟ್ಟುಬಿಡುತ್ತೀಯೆ. ತಂತಿ ಓದುವುದಕ್ಕೆ ಮೊದಲೇ ತಾಯಿಗೆ ತಿಳಿದುಹೋಗುತ್ತದೆ.

ಚಿತ್ರಮಂದಿರದಲ್ಲಿ ಉಸಿರಿನ ಸದ್ದಿಲ್ಲ. ಮಿಸೆಸ್ ಹೇಗ್ ಕರವಸ್ತ್ರ ಒದ್ದೆ ಮಾಡಿಕೊಂಡಳು. ಹೊರಗೆ ಬಂದ ಮೇಲೆ ಕೇಳಿದಳು:

"ಆ ಅಂಚೆಯವ್ರು ನಿಮ್ಮ ಸ್ನೇಹಿತರೇ ಅಲ್ವೇನ್ರೀ? ಎಂಥಾ ಮನುಷ್ಯ. ನೀವ್ಯಾಕೆ ಸಿನಿಮಾದಲ್ಲಿ ಮಾಡಲ್ಲ?"

"ನನಗೆ ಪುರುಸೊತ್ತಿಲ್ಲ ತಾಯಿ."

"ಹೌದೌದು. ಈ ವಾರ ನೀವು ಹೆಣ ಅಲ್ವಾ?"

ಪತ್ತೇದಾರಿ ನಾಟಕ, ಎರಡನೇ ಅಂಕದಲ್ಲಿ ನನ್ನನ್ನು ಕಪಾಟಿನಿಂದ ಹೊರಗೆ ಬೀಳಿಸುತ್ತಾರೆ. ಒಳ್ಳೆಯ ಹೆಣ ಎಂದು ಊರಿನ ಪತ್ರಿಕೆ ಬರೆದಿದೆ.

ನಿನಗೆ ಅಭಿನಂದನೆ. ಮನಸಾರೆ. ಒಂದೇ ಒಂದು ಪ್ರಶ್ನೆ ಕೇಳಲೇ? ೧೯೨೬ರಲ್ಲಿ ನಾವಿಬ್ಬರೂ ಒಂದೇ ಕಂಪನಿಯಲ್ಲಿ ಊರೂರು ತಿರುಗಿದಾಗ ಈ ಸಿನಿಮಾಕ್ಕೆ ಮೂಲವಾದ ನಾಟಕದಲ್ಲಿ ಇದೇ ಅಂಚೆಯವನ ಪಾತ್ರ ಮಾಡುತ್ತಿದ್ದವನು ಯಾರು? ಆ ಟೋಪಿಯನ್ನು ಆ ತಟ್ಟೆಯ ಮೇಲೆ ಇಡುತ್ತಿದ್ದವನು ಯಾರು? ಪರದೆಯ ಮಗ್ಗುಲಲ್ಲಿ ನಿಂತು ದಿನಾ ನೋಡುತ್ತಿದ್ದ ಬದಲಿ ನಟ ಯಾರು? ಈ ಟೋಪಿ ಎಲ್ಲಿಂದ ಬಂತು ಎಂದು ಸಿನಿಮಾದವರು ಕೇಳಿದಾಗ ನೀನು ಏನು ಹೇಳಿದೆ?

ಒಂದೇ ಪ್ರಶ್ನೆ ಎಂದೆ, ನಾಲ್ಕಾಯಿತು.

ನಿನ್ನ ಹಳೆಯ ಗೆಳೆಯ,
ಆಂಬ್ರೋಸ್


ಟ್ವಿಕೆನ್‌ಹ್ಯಾಮ್
ನವೆಂಬರ್ ೨೪, ೧೯೪೯

ಪ್ರಿಯ ಆಂಬ್ರೋಸ್,

ನಿನ್ನ ಅಕ್ಷರ ನೋಡಿ ಎಷ್ಟು ವರ್ಷವಾಯಿತು. ಅಕ್ಷರ ಕೂಡ ಕೊನೆಯ ಬೆಂಚಿಗೆ ಕೇಳುವ ಹಾಗೇ ಇದೆ.

ಸಿನಿಮಾದ ಬದುಕು ನೀನಂದುಕೊಂಡ ಹಾಗಲ್ಲ. ಬೆಳಿಗ್ಗೆ ಆರಕ್ಕೆ ಮುಖಕ್ಕೆ ಬಣ್ಣ, ಎಂಟಕ್ಕೆ ಸಿದ್ಧ, ಆಮೇಲೆ ಸಂಜೆ ನಾಲ್ಕರವರೆಗೆ ಕುರ್ಚಿಯಲ್ಲಿ ಕೂತು ಪದಬಂಧ ಬಿಡಿಸುವುದು. ನಾಲ್ಕೂಕಾಲಿಗೆ "ಹೆಪ್ಟನ್, ನಾಳೆ ಬನ್ನಿ" ಎನ್ನುತ್ತಾರೆ. ಈ ಹದಿನಾಲ್ಕು ವರ್ಷದಲ್ಲಿ ನಾನು ಹನ್ನೊಂದು ಸಲ ಬಟ್ಲರ್, ಆರು ಸಲ ಪೊಲೀಸ್, ಮೂರು ಸಲ ಪಾದ್ರಿ, ಒಂದು ಸಲ ಬೆಲ್ಜಿಯಂನ ರಾಯಭಾರಿ. ರಾಯಭಾರಿಯನ್ನು ಕತ್ತರಿಸಿ ಎಸೆದರು, ಬೆನ್ನು ಮಾತ್ರ ಉಳಿದಿದೆ. ನಮ್ಮಕ್ಕ ಬೆನ್ನು ನೋಡಿಯೇ ಗುರುತು ಹಿಡಿದಳು. ಬಸ್ಸಿನಲ್ಲಿ ಜನ ನನ್ನನ್ನು ದಿಟ್ಟಿಸಿ ನೋಡುತ್ತಾರೆ, ಆಮೇಲೆ "ನೀವು ನಮ್ಮ ಬ್ಯಾಂಕಿನಲ್ಲಿ ಇದ್ದಿರಲ್ವಾ?" ಎಂದು ಕೇಳುತ್ತಾರೆ. ಹೌದು ಎನ್ನುತ್ತೇನೆ. ಅವರಿಗೂ ಖುಷಿ, ನನಗೂ ಸುಲಭ.

ಒಂದು ಸುದ್ದಿ ಇದೆ, ನಿನಗೆ ಮೊದಲು ಹೇಳುತ್ತಿದ್ದೇನೆ. ಅಂಚೆಯವನನ್ನು ನೋಡಿ ನಿರ್ಮಾಪಕ ಕ್ರೇಕ್ ಅವರು ಮುಂದಿನ ಚಿತ್ರಕ್ಕೆ ನನ್ನನ್ನು ಕೇಳಿದ್ದಾರೆ. ದೀಪಸ್ತಂಭ ಕಾಯುವ ಒಬ್ಬ ತಂದೆ. ಮೊದಲ ದೃಶ್ಯದಿಂದ ಕೊನೆಯ ದೃಶ್ಯದವರೆಗೆ ಇದ್ದಾನೆ. ಮಗಳ ಜೊತೆ ಎರಡು ಜಗಳ, ಒಂದು ಹಾಡು. ಗೋಡೆಗೆ ಅಂಟಿಸುವ ಚಿತ್ರದ ಮೇಲೆ ಹೆಸರು ಬರುತ್ತದಂತೆ. ಮಾರ್ಚಿನಲ್ಲಿ ಸಹಿ. ಅಲ್ಲಿಯವರೆಗೆ ನಂಬುವುದಿಲ್ಲ. ಐವತ್ತರಲ್ಲಿ ಮೊದಲ ಸಲ ತಂದೆಯಾಗುತ್ತಿದ್ದೇನೆ.

ನಿನ್ನ ಪ್ರಶ್ನೆಗೆ ಉತ್ತರ: ಯಾರೂ ಕೇಳಲಿಲ್ಲ.

ಕ್ರಿಸ್‌ಮಸ್‌ಗೆ ಬಾ. ಹಾಸಿಗೆ ಇದೆ.

ನಿನ್ನ
ಲಯನೆಲ್


ಹಡರ್ಸ್‌ಫೀಲ್ಡ್
ಡಿಸೆಂಬರ್ ೪, ೧೯೪೯

ಲಯನೆಲ್ ಹೆಪ್ಟನ್ ಎಂಬ ಮಹಾಶಯನೇ,

ಯಾರೂ ಕೇಳಲಿಲ್ಲ! ಎಂಥ ಅಚ್ಚುಕಟ್ಟಾದ ವಾಕ್ಯ. ಜೇಬುಗಳ್ಳನೂ ಅದನ್ನೇ ಹೇಳುತ್ತಾನೆ.

ಕೇಳು. ನಮ್ಮ ಕಸುಬಿನಲ್ಲಿ ನಾಟಕದ ಮಾತು ಬರೆದವನದ್ದು, ವೇಷ ಕಂಪನಿಯದ್ದು, ಚಪ್ಪಾಳೆ ಮುಖ್ಯಪಾತ್ರದವನದ್ದು. ನಮ್ಮಂಥವರಿಗೆ ಉಳಿಯುವುದು ಒಂದೇ, ಮಾತಿಲ್ಲದ ಕುಸುರಿ. ಕನ್ನಡಕ ಒರೆಸುವುದು, ಕುರ್ಚಿ ಹುಡುಕುವುದು, ಟೋಪಿ ಇಡುವುದು. ಅದನ್ನು ನಾವೇ ಹುಟ್ಟಿಸಬೇಕು, ನಾವೇ ಸಾಕಬೇಕು. ಹೆಂಡತಿಯನ್ನು ಕದ್ದವನ ಜೊತೆ ಒಂದೇ ಕೋಣೆಯಲ್ಲಿ ಬಣ್ಣ ಹಚ್ಚಿದ ನಟರನ್ನು ನಾನು ನೋಡಿದ್ದೇನೆ. ಕುಸುರಿ ಕದ್ದವನಿಗೆ ಬೆಂಕಿಪೊಟ್ಟಣ ಕೊಟ್ಟವನನ್ನೂ ನೋಡಿಲ್ಲ.

ನನ್ನ ಇಡೀ ಜೀವಮಾನದಲ್ಲಿ ಎಷ್ಟು ಮುದುಕರು, ಎಷ್ಟು ವೈದ್ಯರು, ಎಷ್ಟು ವಕೀಲರು ಆಗಿದ್ದೇನೆ, ಲೆಕ್ಕ ತಪ್ಪಿದೆ. ಸೋಮವಾರ ಹುಟ್ಟಿ ಶನಿವಾರ ಸಾಯುತ್ತಾರೆ. ಯಾರಿಗೂ ನೆನಪಿಲ್ಲ, ನನಗೂ ಇಲ್ಲ. ಆದರೆ ಆ ಅಂಚೆಯವ ಇದ್ದಾನೆ. ಪ್ರೆಸ್ಟನ್, ಬ್ಲ್ಯಾಕ್‌ಬರ್ನ್, ಹ್ಯಾಲಿಫ್ಯಾಕ್ಸ್. ಟೋಪಿ ತಟ್ಟೆಗೆ ತಾಗಿದಾಗ ಇಡೀ ಸಭೆ ಒಂದೇ ಮನುಷ್ಯನ ಹಾಗೆ ಉಸಿರು ಹಿಡಿಯುತ್ತಿತ್ತು. ಅಂಥ ಮೌನ ನನಗೆ ಮತ್ತೆ ಸಿಕ್ಕಿಲ್ಲ. ಅದು ನನ್ನ ಹತ್ತಿರ ಇದೆ ಎಂಬ ಒಂದೇ ಧೈರ್ಯದಲ್ಲಿ ಇಪ್ಪತ್ತಮೂರು ವರ್ಷ ಕಪಾಟಿನಿಂದ ಬಿದ್ದಿದ್ದೇನೆ.

ಈಗ ನೀನು ಅದನ್ನು ಎತ್ತಿಕೊಂಡು ಹೋಗಿ ದೇಶದ ನಾಲ್ಕು ನೂರು ಚಿತ್ರಮಂದಿರದಲ್ಲಿ ತೋರಿಸುತ್ತಿದ್ದೀಯೆ. ಮುಂದಿನ ತಿಂಗಳು ನಮ್ಮ ಥಿಯೇಟರಿನಲ್ಲಿ ನಾನು ಅದನ್ನೇ ಮಾಡಿದರೆ ಜನ ಏನೆನ್ನುತ್ತಾರೆ ಗೊತ್ತೇ? "ಸಿನಿಮಾ ನೋಡಿ ಕಲಿತಿದ್ದಾನೆ ಮುದುಕ" ಎನ್ನುತ್ತಾರೆ. ನಾನೇ ನನ್ನ ನಕಲು ಆಗಿಬಿಟ್ಟೆನಲ್ಲ.

ನಾಟಕದವರ ವಾರಪತ್ರಿಕೆಗೆ ನೀನೇ ಒಂದು ಸಾಲು ಬರಿ: "ಈ ಕುಸುರಿ ಆಂಬ್ರೋಸ್ ಟಾರ್ಡಾಫ್ ಅವರದು." ಹೊಸ ವರ್ಷದೊಳಗೆ ಬರೆಯದಿದ್ದರೆ ನಾನು ಬರೆಯುತ್ತೇನೆ. ನನ್ನದು ಒಂದು ಸಾಲಿಗೆ ನಿಲ್ಲುವುದಿಲ್ಲ, ನಿನಗೇ ಗೊತ್ತು.

ದೀಪಸ್ತಂಭದ ತಂದೆಗೆ ಶುಭವಾಗಲಿ ಎಂದು ಬರೆಯಲು ಮೂರು ಸಲ ಕೂತೆ. ಕೈ ಬರಲಿಲ್ಲ.

ಆಂಬ್ರೋಸ್ ಟಾರ್ಡಾಫ್


ಟ್ವಿಕೆನ್‌ಹ್ಯಾಮ್
ಡಿಸೆಂಬರ್ ೨೨, ೧೯೪೯

ಆಂಬ್ರೋಸ್,

ನಿನಗೆ ಸರಿಯೆನಿಸಿದ್ದನ್ನು ಬರಿ. ನಾನು ಎದುರು ಬರೆಯುವುದಿಲ್ಲ. ಹಾಸಿಗೆ ಈಗಲೂ ಇದೆ.

ಹಬ್ಬದ ಶುಭಾಶಯ.
ಲ.


ಹಡರ್ಸ್‌ಫೀಲ್ಡ್
ಜನವರಿ ೨೯, ೧೯೫೦

ಲಯನೆಲ್,

ಅಚ್ಚಾಯಿತು. ನೋಡಿರುತ್ತೀಯೆ. ಎರಡು ಕಾಲಂ, ದಪ್ಪ ಅಕ್ಷರದ ತಲೆಬರಹ. ನಿನ್ನ ಹೆಸರನ್ನು ನಾಲ್ಕೇ ಸಲ ಬರೆದಿದ್ದೇನೆ, ಕಳ್ಳ ಎಂಬ ಪದವನ್ನು ಒಂದು ಸಲವೂ ಬಳಸಿಲ್ಲ. ಓದಿದವರೇ ಬಳಸಿಕೊಳ್ಳುತ್ತಾರೆ.

ಈ ಊರಿನಲ್ಲಿ ನಾನೀಗ ದೊಡ್ಡ ಮನುಷ್ಯ. ಮಾಂಸಕ್ಕೆ ಬರವಿರುವ ಈ ಕಾಲದಲ್ಲಿ ಕಟುಕರ ಅಂಗಡಿಯವನು ಹಲಗೆಯ ಕೆಳಗಿನಿಂದ ಕುರಿಯ ಎರಡು ಕಿಡ್ನಿ ತೆಗೆದು ಕಾಗದದಲ್ಲಿ ಸುತ್ತಿ ಕೊಟ್ಟ. "ತಗೊಳ್ಳಿ ಸಾರ್. ಆ ಟೋಪಿ ನಿಮ್ದಂತಲ್ಲ. ಲಂಡನ್ನಿನವ್ರು ಯಾವಾಗ್ಲೂ ಹಿಂಗೇ, ನಮ್ ಉಣ್ಣೆ ಒಯ್ದು ಅವ್ರ ಹೆಸ್ರು ಹಾಕ್ಕೊಂಡು ಮಾರ್ತಾರೆ." ಇಪ್ಪತ್ತೆಂಟು ವರ್ಷದ ನಮ್ಮ ನಿರ್ದೇಶಕ ಪೇಜೆಟ್, ಮೊನ್ನೆಯವರೆಗೆ ನನ್ನನ್ನು "ಅವರು" ಎಂದು ಬೆರಳು ತೋರಿಸಿ ಕರೆಯುತ್ತಿದ್ದವನು, ತಾಲೀಮಿನಲ್ಲಿ "ಟಾರ್ಡಾಫ್ ಅವರೇ, ಇಲ್ಲಿ ಏನು ಮಾಡಿದರೆ ಚೆನ್ನ?" ಎಂದು ಕೇಳಿದ. ಏನು ಮಾಡಿದರೆ ಚೆನ್ನ ಎಂದು ನನಗೆ ಹೊಳೆಯಲಿಲ್ಲ. ಕೆಮ್ಮಿ, ಯೋಚಿಸುತ್ತೇನೆ ಎಂದೆ.

ಮಿಸೆಸ್ ಹೇಗ್ ಮಾತ್ರ ಪತ್ರಿಕೆ ಮಡಿಸಿಟ್ಟು ಹೇಳಿದಳು: "ಅಷ್ಟು ಚೆನ್ನಾಗಿ ಅತ್ತಿದ್ದೆ. ಈಗ ಆ ಅಳು ಯಾರಿಗೆ ಸೇರಿದ್ದು ಅಂತಾನೇ ಗೊತ್ತಾಗಲ್ಲಪ್ಪ."

ಇನ್ನು ಮುಖ್ಯ ಸುದ್ದಿ. ತಮಟೆ ಬಾರಿಸಿ ಹೇಳಬೇಕೆಂದಿದ್ದೆ, ಯಾಕೋ ದನಿ ಕೆಳಗೇ ಬರುತ್ತಿದೆ. ನಿನ್ನ ಕ್ರೇಕ್ ಅವರು ನನಗೆ ಕಾಗದ ಬರೆದಿದ್ದಾರೆ. "ಆ ಟೋಪಿಯನ್ನು ಯೋಚಿಸಿದ ತಲೆ ನಮ್ಮ ತಂದೆಯ ಪಾತ್ರಕ್ಕೆ ಬೇಕು" ಎಂದಿದ್ದಾರೆ. ಮಾರ್ಚ್ ೧೩, ಸೋಮವಾರ, ಮಧ್ಯಾಹ್ನ ಹನ್ನೆರಡಕ್ಕೆ ಅವರ ಕಚೇರಿಗೆ ಹೋಗಿ ದೀಪಸ್ತಂಭದ ತಂದೆಯ ಮಾತುಗಳನ್ನು ಓದಿ ತೋರಿಸಬೇಕು. ನಿನ್ನನ್ನು ಕೈಬಿಟ್ಟಿದ್ದಾರೋ ಇಲ್ಲವೋ ಅವರು ಬರೆದಿಲ್ಲ. ನಾನೂ ಕೇಳಿಲ್ಲ.

ಯಾರೂ ಕೇಳಲಿಲ್ಲ ಎಂದು ಬರೆದೆಯಲ್ಲ, ಹಾಗೆ.

ಆಂಬ್ರೋಸ್


ಟ್ವಿಕೆನ್‌ಹ್ಯಾಮ್
ಫೆಬ್ರವರಿ ೯, ೧೯೫೦

ಪ್ರಿಯ ಆಂಬ್ರೋಸ್,

ನಿನ್ನನ್ನು ಕರೆದ ವಿಷಯ ಕ್ರೇಕ್ ಅವರೇ ಹೇಳಿದರು. "ಟೋಪಿಯದು ಏನು ಕಥೆ, ಹೆಪ್ಟನ್?" ಎಂದರು. "ಆಂಬ್ರೋಸ್ ಬರೆದಿದ್ದಾನಲ್ಲ" ಎಂದೆ. ನನ್ನ ಮಾತನ್ನು ಅವರು ಹೇಗೆ ತೆಗೆದುಕೊಂಡರೋ ಗೊತ್ತಿಲ್ಲ. ಸಹಿಯ ಕಾಗದ ಸದ್ಯಕ್ಕೆ ಮೇಜಿನ ಖಾನೆಗೆ ಹೋಗಿದೆ. ಹದಿಮೂರರಂದು ನಿನ್ನನ್ನು ಕೇಳಿದ ಮೇಲೆ ತೀರ್ಮಾನವಂತೆ.

ನೀನು ಕ್ಯಾಮೆರಾ ಮುಂದೆ ಯಾವತ್ತೂ ನಿಂತವನಲ್ಲ, ಅದಕ್ಕೆ ನಾಲ್ಕು ಮಾತು. ಕ್ಯಾಮೆರಾ ಆರಡಿ ದೂರದಲ್ಲಿರುತ್ತದೆ. ಅದಕ್ಕೆ ಕಿವಿ ಚುರುಕು, ಅರಚಬೇಡ. ಹುಬ್ಬು ಏರಿಸಬೇಡ, ತೆರೆಯ ಮೇಲೆ ನಿನ್ನ ಹುಬ್ಬು ಬಾಗಿಲಿನಷ್ಟು ಅಗಲವಾಗುತ್ತದೆ. ಒಂದು ಮಾತು ಯೋಚಿಸಿದರೆ ಸಾಕು, ತೋರಿಸಬೇಕಾಗಿಲ್ಲ. ಎರಡನೇ ಜಗಳದಲ್ಲಿ ಮಗಳು ಬಾಗಿಲು ಹಾಕಿಕೊಂಡು ಹೋದ ಮೇಲೆ ತಂದೆಗೆ ಮಾತಿಲ್ಲ. ಅಲ್ಲಿ ಅವಸರ ಮಾಡಬೇಡ. ಅಲ್ಲಿ ನೀನು ಏನು ಮಾಡುತ್ತೀಯೆ ಎಂದು ಅವರು ಕಾಯುತ್ತಿರುತ್ತಾರೆ.

ಕಚೇರಿಯ ಮೆಟ್ಟಿಲು ಕಡಿದು. ಏದುಸಿರು ಇಳಿಯಲು ಐದು ನಿಮಿಷ ಮೊದಲೇ ಹೋಗು.

ನಿನ್ನ
ಲಯನೆಲ್


ಮೋರ್ಕಂಬ್
ಭಾನುವಾರ, ಫೆಬ್ರವರಿ ೨೬, ೧೯೫೦

ಟಾರ್ಡಾಫ್ ಅವರೇ,

ನಾನು ವಿನಿಫ್ರೆಡ್ ಓಲ್ಡ್‌ರಾಯ್ಡ್. ೧೯೨೬ರ ತಿರುಗಾಟದಲ್ಲಿ ನಿಮಗೆಲ್ಲ ಮಾತು ಎತ್ತಿಕೊಡುತ್ತಿದ್ದ ಪ್ರಾಂಪ್ಟರ್ ವಿನ್ನಿ. ಈಗ ಎಪ್ಪತ್ತೊಂದು. ಕಣ್ಣು ಸರಿಯಿದೆ, ವಾರಪತ್ರಿಕೆ ತಡವಾಗಿಯಾದರೂ ತಪ್ಪದೆ ಓದುತ್ತೇನೆ. ನಿಮ್ಮ ಎರಡು ಕಾಲಂ ಓದಿ ಅಟ್ಟ ಹತ್ತಿದೆ. ಈ ವಯಸ್ಸಿನಲ್ಲಿ ನನ್ನನ್ನು ಅಟ್ಟ ಹತ್ತಿಸಿದ್ದಕ್ಕೆ ಮೊದಲು ನಿಮ್ಮನ್ನು ಬೈಯಬೇಕು.

ಆ ನಾಟಕದ ಪ್ರಾಂಪ್ಟ್ ಪುಸ್ತಕ ನನ್ನ ಪೆಟ್ಟಿಗೆಯಲ್ಲೇ ಇದೆ. ಯಾರು ಎಲ್ಲಿ ನಿಂತರು, ಯಾರು ಏನು ಎತ್ತಿಕೊಂಡರು, ಸಭೆ ಎಲ್ಲಿ ನಕ್ಕಿತು, ಎಲ್ಲವನ್ನೂ ನಾನು ಅಂಚಿನಲ್ಲಿ ಬರೆಯುತ್ತಿದ್ದೆ. ಅಂಚೆಯವನ ಪುಟದಲ್ಲಿ ಎರಡು ಟಿಪ್ಪಣಿ ಇವೆ. ಇದ್ದದ್ದು ಇದ್ದ ಹಾಗೆ ಇಳಿಸುತ್ತೇನೆ:

"ವಿಗನ್, ಸೋಮವಾರ. ಲ. ಹೆ. — ಗೋಡೆಯ ಮೊಳೆ ಇಲ್ಲ. ಟೋಪಿ ತಟ್ಟೆಯ ಮೇಲೆ. ನಗು."

"ಪ್ರೆಸ್ಟನ್, ಸೋಮವಾರ. ಆಂ. ಟಾ. — ಟೋಪಿ ತಟ್ಟೆಯ ಮೇಲೆ. ಮೌನ. ಒಂಬತ್ತು ಎಣಿಸುವಷ್ಟು."

ನೆನಪಾಯಿತೇ? ವಿಗನ್ನಿನಲ್ಲಿ ನಿಮಗೆ ಗಂಟಲು ಬಾತು ಆರು ದಿನ ಮಲಗಿದ್ದಿರಿ. ನಿಮ್ಮ ಬದಲಿ ಹೆಪ್ಟನ್ ಹೋದರು. ಟೋಪಿ ಸಿಕ್ಕಿಸುವ ಮೊಳೆಯನ್ನು ಗೋಡೆಗೆ ಹೊಡೆಯಲು ಬಡಗಿ ಮರೆತಿದ್ದ. ಹೆಪ್ಟನ್ ದಿಕ್ಕು ತೋಚದೆ ತಟ್ಟೆಯ ಮೇಲೆ ಇಟ್ಟರು, ಸಭೆ ಗೊಳ್ಳೆಂದಿತು. ಒಳಗೆ ಬಂದು "ಮಗ ಸತ್ತಿದ್ದಕ್ಕೆ ನಗಿಸಿಬಿಟ್ಟೆ ವಿನ್ನಿ" ಎಂದು ಅತ್ತರು. ತಾಯಿಯ ಪಾತ್ರ ಮಾಡುತ್ತಿದ್ದ ನಮ್ಮ ಕಂಪನಿಯ ಯಜಮಾನತಿ ಮಾತ್ರ "ಅದನ್ನು ಪುಸ್ತಕಕ್ಕೆ ಹಾಕು, ಇನ್ನು ಮೇಲೆ ಮೊಳೆ ಬೇಡ" ಎಂದರು. ಆ ಆರು ದಿನವೂ ಹೆಪ್ಟನ್ ಅಲ್ಲೇ ಇಟ್ಟರು, ಆರು ದಿನವೂ ಜನ ನಕ್ಕರು.

ಪ್ರೆಸ್ಟನ್ನಿನಲ್ಲಿ ನೀವು ಎದ್ದು ಬಂದಾಗ ನಾನೇ ಹೇಳಿದೆ, "ಇಲ್ಲಿ ಟೋಪಿ ತಟ್ಟೆಯ ಮೇಲೆ." "ಯಾರು ಹೇಳಿದ್ದು?" ಎಂದಿರಿ. "ಪುಸ್ತಕ ಹೇಳುತ್ತೆ" ಎಂದೆ. ಕಂಪನಿಯ ಕಟ್ಟಳೆ ನಿಮಗೂ ಗೊತ್ತಿತ್ತು: ಪುಸ್ತಕಕ್ಕೆ ಸೇರಿದ ಮೇಲೆ ಕುಸುರಿ ಪಾತ್ರದ್ದು, ಹುಟ್ಟಿಸಿದವನ ಹೆಸರು ಹೇಳುವಂತಿಲ್ಲ. ಹೇಳಿದರೆ ಕಂಪನಿಯಲ್ಲಿ ದಿನಾ ಕುಸ್ತಿ. ನಾನು ಹೇಳಲಿಲ್ಲ. ಹೆಪ್ಟನ್ನೂ ಹೇಳಲಿಲ್ಲ. ನೀವು ಕೇಳಲಿಲ್ಲ.

ಈಗ ನಿಮ್ಮ ಇಷ್ಟ.

ವಿ. ಓಲ್ಡ್‌ರಾಯ್ಡ್


ಹಡರ್ಸ್‌ಫೀಲ್ಡ್
ಮಾರ್ಚ್ ೧, ೧೯೫೦

ಪ್ರಿಯ ವಿನ್ನಿ,

ಆ ಟಿಪ್ಪಣಿ ಶಾಯಿಯಲ್ಲಿದೆಯೋ, ಪೆನ್ಸಿಲಿನಲ್ಲಿದೆಯೋ?

ಆಂ. ಟಾರ್ಡಾಫ್


ಮೋರ್ಕಂಬ್
ಮಾರ್ಚ್ ೪, ೧೯೫೦

ಟಾರ್ಡಾಫ್ ಅವರೇ,

ಪೆನ್ಸಿಲಿನಲ್ಲಿದೆ. ಪ್ರಾಂಪ್ಟರ್ ಯಾವತ್ತೂ ಶಾಯಿ ಮುಟ್ಟುವುದಿಲ್ಲ.

ನನ್ನ ಕೈಯಿಂದ ಅದು ಆಗದು. ಪುಸ್ತಕವನ್ನೇ ಕಳಿಸುತ್ತಿದ್ದೇನೆ. ಆ ಪುಟದ ನಡುವೆ ರಬ್ಬರ್ ಇಟ್ಟಿದ್ದೇನೆ. ಹೊಸದು. ಕಾಗದ ಹಳೆಯದು, ಮೆಲ್ಲಗೆ ಉಜ್ಜಿ.

ವಿ. ಓ.


ಹಡರ್ಸ್‌ಫೀಲ್ಡ್
ಭಾನುವಾರ, ಮಾರ್ಚ್ ೧೨, ೧೯೫೦

ಲಯನೆಲ್,

ಇವತ್ತು ಮಹಾಜನಗಳಿಲ್ಲ. ಎಲ್ಲರನ್ನೂ ಮನೆಗೆ ಕಳಿಸಿದ್ದೇನೆ.

ವಿನ್ನಿ ನೆನಪಿದ್ದಾಳಲ್ಲ, ನಮ್ಮ ಪ್ರಾಂಪ್ಟರ್. ಬದುಕಿದ್ದಾಳೆ, ಬಾಯಿಯೂ ಮೊದಲಿನ ಹಾಗೇ ಇದೆ. ೨೬ರ ಪುಸ್ತಕ ಕಳಿಸಿದಳು. ಅಂಚೆಯವನ ಪುಟದ ಅಂಚಿನಲ್ಲಿ ನಿನ್ನ ಹೆಸರು, ಕೆಳಗೆ ನನ್ನದು. ವಿಗನ್ ಮೊದಲು, ಪ್ರೆಸ್ಟನ್ ಆಮೇಲೆ. ಟೋಪಿ ನಿನ್ನದು.

ಪುಸ್ತಕ ಬಂದದ್ದು ಮಂಗಳವಾರ. ಇವತ್ತು ಭಾನುವಾರ. ನಡುವಿನ ದಿನಗಳಲ್ಲಿ ಏನು ಮಾಡಿದೆ ಎಂದು ನೀನು ಕೇಳುವವನಲ್ಲ, ನಾನೇ ಹೇಳುತ್ತೇನೆ. ವಿನ್ನಿ ರಬ್ಬರ್ ಕೂಡ ಕಳಿಸಿದ್ದಳು. ಬುಧವಾರ ಮಧ್ಯಾಹ್ನ ಕಿಟಕಿಯ ಹತ್ತಿರ ಕುರ್ಚಿ ಎಳೆದುಕೊಂಡು ಕೂತು ಉಜ್ಜಿದೆ. ಸುಳ್ಳು ಹೇಳಲಾರೆ, ಉಜ್ಜಿದೆ. ನಿನ್ನ ಹೆಸರಿನ ಮೊದಲ ಅಕ್ಷರ ಅರ್ಧ ಹೋಗಿದೆ. ಅಷ್ಟರಲ್ಲಿ ಕಣ್ಣು ಆ ಟಿಪ್ಪಣಿಯ ಕೊನೆಯ ಪದದ ಮೇಲೆ ಬಿತ್ತು. "ನಗು." ವಿನ್ನಿಯ ಅಕ್ಷರ, ಸಣ್ಣಗೆ, ಒತ್ತಿ ಬರೆದದ್ದು.

ಆಗ ನೆನಪಾಯಿತು. ವಿಗನ್ನಿನ ಆ ಕೋಣೆ. ನಾನು ಕುತ್ತಿಗೆಗೆ ಉಣ್ಣೆ ಸುತ್ತಿಕೊಂಡು ಬಿಸಿನೀರಿನ ಬೋಗುಣಿಯ ಮೇಲೆ ಬಗ್ಗಿದ್ದೆ. ನೀನು ನಾಟಕ ಮುಗಿಸಿ ಬಣ್ಣವನ್ನೂ ಪೂರ್ತಿ ಒರೆಸದೆ ಬಂದೆ. ಮಂಚದ ತುದಿಯಲ್ಲಿ ಕೂತು "ಅವರು ನಕ್ಕರು ಕಣೋ ಆಂಬ್ರೋಸ್" ಎಂದೆ. ಎಲ್ಲವನ್ನೂ ಹೇಳಿದೆ. ಮೊಳೆ, ಟೋಪಿ, ತಟ್ಟೆ, ಎಲ್ಲ. ನಾನು ಏನಾದರೂ ಹೇಳಲಿ ಎಂದು ಕಾಯುತ್ತಾ ಕೂತೆ. ನಾನು ಹೇಳಲಿಲ್ಲ. ಗಂಟಲು ಕಟ್ಟಿದೆ, ಪಾಪ, ಎಂದುಕೊಂಡಿರುತ್ತೀಯೆ.

ಗಂಟಲು ಅಷ್ಟೇನೂ ಕಟ್ಟಿರಲಿಲ್ಲ. ನನಗೆ ಸಂತೋಷವಾಗಿತ್ತು, ಲಯನೆಲ್. ಆ ಆರು ದಿನ ನಾನು ಹಾಸಿಗೆಯಲ್ಲಿ ಬಿದ್ದು ದಿನಾ ಒಂದೇ ಪ್ರಾರ್ಥನೆ ಮಾಡುತ್ತಿದ್ದೆ, ಅವನು ಚೆನ್ನಾಗಿ ಮಾಡದಿರಲಿ ಎಂದು. ಅವರು ನಕ್ಕರು ಎಂದು ನೀನು ಅಂದಾಗ ಪ್ರಾರ್ಥನೆ ಫಲಿಸಿತು ಎಂದು ಮುಖವನ್ನು ಹಬೆಯೊಳಗೆ ಬಚ್ಚಿಟ್ಟುಕೊಂಡೆ. ಆ ಸಂತೋಷ ನನಗೆ ಚೆನ್ನಾಗಿ ನೆನಪಿದೆ, ಈ ಇಪ್ಪತ್ತಮೂರು ವರ್ಷವೂ ಇತ್ತು. ನೀನು ಹೇಳಿದ ಟೋಪಿಯ ಮಾತನ್ನು ಮಾತ್ರ ಮರೆತಿದ್ದೆ. ಮನಸ್ಸು ಎಷ್ಟು ಅಚ್ಚುಕಟ್ಟಾಗಿ ಆರಿಸಿಕೊಂಡಿದೆ ನೋಡು.

ಹಾಗಾಗಿ ನನ್ನ ಹೊಟ್ಟೆಕಿಚ್ಚು ಸಿನಿಮಾದಿಂದ ಶುರುವಾದದ್ದಲ್ಲ. ನೀನು ಬಟ್ಲರ್ ಆಗುವ ಮೊದಲೇ, ಪೊಲೀಸ್ ಆಗುವ ಮೊದಲೇ, ಬರಿ ಬದಲಿ ನಟನಾಗಿದ್ದಾಗಲೇ ಇತ್ತು.

ನಿನ್ನ ಮೌನದ ಕಾರಣವನ್ನೂ ಈಗ ಊಹಿಸಬಲ್ಲೆ. ನಿನ್ನ ಟೋಪಿಗೆ ಜನ ನಕ್ಕರು, ನನ್ನದಕ್ಕೆ ಉಸಿರು ಹಿಡಿದರು. ಮುಂದೆ ಎಂಟು ವಾರ ನೀನು ಪರದೆಯ ಮಗ್ಗುಲಲ್ಲಿ ನಿಂತು, ಅದೇ ಟೋಪಿಯನ್ನು ನಾನು ಎಷ್ಟು ಮೆಲ್ಲಗೆ ಇಡುತ್ತೇನೆ ಎಂದು ನೋಡಿದೆ. ಆದ್ದರಿಂದ ಅದು ಆಂಬ್ರೋಸನದೇ ಇರಲಿ ಎಂದು ಬಿಟ್ಟೆಯಾ? ಇದ್ದರೂ ಇರಬಹುದು. ನೀನು ಅಂಥ ಮನುಷ್ಯ. ಅದಕ್ಕೂ ನನಗೆ ಹೊಟ್ಟೆ ಉರಿಯುತ್ತದೆ. ಆ ಪಾತ್ರ ಕೈತಪ್ಪುವಾಗಲೂ ನೀನು ನನಗೆ ಹುಬ್ಬು ಏರಿಸಬೇಡ ಎಂದು ಬರೆದೆಯಲ್ಲ, ಆ ಕಾಗದವನ್ನು ಹರಿದುಹಾಕಿದೆ. ಆಮೇಲೆ ಅಂಟಿಸಿದೆ. ಅದರಲ್ಲಿ ಹೇಳಿದ್ದನ್ನೆಲ್ಲ ಕನ್ನಡಿಯ ಮುಂದೆ ಮಾಡಿ ನೋಡಿದೆ. ಎರಡನೇ ಜಗಳದ ಆ ಮಾತಿಲ್ಲದ ಜಾಗ ನನಗೆ ಬಂತು. ಚೆನ್ನಾಗಿಯೇ ಬಂತು. ಏನು ಮಾಡಿದೆ ಎಂದು ಹೇಳುವುದಿಲ್ಲ, ಅದು ನನ್ನ ಹತ್ತಿರವೇ ಇರಲಿ.

ನಾಳೆ ಸೋಮವಾರ. ಬೆಳಿಗ್ಗೆ ಹೊಸ ನಾಟಕದ ವೇಷದ ತಾಲೀಮು, ಸಂಜೆ ಏಳಕ್ಕೆ ಮೊದಲ ಪ್ರದರ್ಶನ. ತಾಲೀಮಿಗೆ ರಜೆ ಬೇಕೆಂದು ಪೇಜೆಟ್‌ನನ್ನು ಹೋದ ತಿಂಗಳೇ ಕೇಳಿದ್ದೆ. ಸಿನಿಮಾಕ್ಕೆ ಕರೆದಿದ್ದಾರೆ ಎಂದಾಗ ಕೈ ಕುಲುಕಿ ಕೊಟ್ಟ. ನಿನ್ನೆ ಹೋಗಿ, ಪಾತ್ರ ಓದಲು ಅಲ್ಲ, ಬೇಡ ಎಂದು ಹೇಳಲು ಹೋಗುತ್ತಿದ್ದೇನೆ ಎಂದೆ. ಅವನ ಮುಖ ಬಾಡಿತು.

"ಹಾಗಾದ್ರೆ ಒಂದು ಕಾಗದ ಹಾಕಿದ್ರೆ ಆಯ್ತಲ್ಲ. ತಾಲೀಮು ಬಿಟ್ಟು ಹೋಗೋದ್ಯಾಕೆ?"

"ಕಾಗದ ಹಾಕಿಯೇ ಇಷ್ಟೆಲ್ಲ ಆಗಿರೋದು."

"ನೀವು ಬಾರದಿದ್ರೆ ಮುಂದಿನ ವಾರದ ಪಟ್ಟಿಯಲ್ಲಿ ನಿಮ್ಮ ಹೆಸರು ಇರುತ್ತೆ ಅಂತ ನಾನು ಮಾತು ಕೊಡಲಾರೆ."

"ಸಂಜೆ ಏಳಕ್ಕೆ ಬಂದಿರ್ತೀನಿ. ಮುಂದಿನ ವಾರ ನಿಮಗೆ ಬಿಟ್ಟಿದ್ದು" ಎಂದು ಹೇಳಿ ಬಂದೆ. ಇದೂ ಒಂದು ದೊಡ್ಡ ನಟನೆಯೇ. ಹನ್ನೆರಡು ವರ್ಷದಿಂದ ನನಗೆ ಬೇರೆ ಅನ್ನ ಗೊತ್ತಿಲ್ಲ.

ವಾರಪತ್ರಿಕೆಗೂ ಬರೆದಿದ್ದೇನೆ. ಈ ಸಲ ಒಂದೇ ಸಾಲು. ನಂಬಿದರೆ ನಂಬು, ಎರಡು ಕಾಲಂ ಬರೆಯುವುದಕ್ಕಿಂತ ಅದಕ್ಕೆ ಹೆಚ್ಚು ಹೊತ್ತು ಹಿಡಿಯಿತು. ಅದು ಮುಂದಿನ ವಾರ ಅಚ್ಚಾಗುತ್ತದೆ, ಕ್ರೇಕ್ ಅವರ ತೀರ್ಮಾನ ನಾಳೆಯೇ. ಆದ್ದರಿಂದ ಹೋಗಲೇಬೇಕು.

ನನ್ನ ಬಗ್ಗೆ ಒಳ್ಳೆಯದು ಯೋಚಿಸಬೇಡ. ನಾನು ಬದಲಾಗಿಲ್ಲ. ಗೋಡೆಗೆ ಅಂಟಿಸಿದ ಆ ಚಿತ್ರದ ಮೇಲೆ ನಿನ್ನ ಹೆಸರು ನೋಡಿದ ದಿನ ನನಗೆ ಊಟ ಸೇರುವುದಿಲ್ಲ, ಈಗಲೇ ಹೇಳಿರುತ್ತೇನೆ. ಮಿಸೆಸ್ ಹೇಗ್ ಮತ್ತೆ ಎಳೆದುಕೊಂಡು ಹೋಗುತ್ತಾಳೆ, ಮತ್ತೆ ಅಳುತ್ತಾಳೆ. ಪಕ್ಕದಲ್ಲಿ ಕೂತು ನಾನು ನಿನ್ನ ತಪ್ಪುಗಳನ್ನು ಹುಡುಕುತ್ತೇನೆ. ಸಿಕ್ಕಿದ್ದನ್ನೆಲ್ಲ ಬರೆದು ಕಳಿಸುತ್ತೇನೆ.

ಇದನ್ನು ಭಾನುವಾರದ ಕೊನೆಯ ಟಪ್ಪಾಲಿಗೆ ಹಾಕುತ್ತೇನೆ. ನಾಳೆ ಮೊದಲ ಬಟವಾಡೆಗೆ ನಿನ್ನ ಕೈ ಸೇರುತ್ತದೆ. ದಯವಿಟ್ಟು ಕ್ರೇಕ್ ಅವರ ಕಚೇರಿಗೆ ಬರಬೇಡ. ನೀನು ಎದುರಿಗಿದ್ದರೆ ನನಗೆ ಆಗದು.

ನಾಳೆ ಬೆಳಿಗ್ಗೆ ಆರೂಕಾಲಿನ ರೈಲು ಹತ್ತುತ್ತೇನೆ. ಪುಸ್ತಕ ಕಂಕುಳಲ್ಲಿ ಇರುತ್ತದೆ. ಉಜ್ಜಿದ ಅಕ್ಷರದ ಮೇಲೆ ನಾನು ತಿದ್ದಿಲ್ಲ, ಅರ್ಧ ಹೋದದ್ದು ಹಾಗೇ ಇದೆ. ಉಜ್ಜಿದ್ದು ಯಾರು ಎಂದು ಅವರು ಕೇಳಿದರೆ ಅದನ್ನೂ ಹೇಳುತ್ತೇನೆ. "ಟೋಪಿ ಹೆಪ್ಟನ್‌ದು. ಪಾತ್ರ ಅವನಿಗೆ ಕೊಡಿ." ಇಷ್ಟೇ ನನ್ನ ಮಾತು, ಎರಡು ಸಣ್ಣ ವಾಕ್ಯ. ಇವತ್ತು ಮಧ್ಯಾಹ್ನದಿಂದ ಕೋಣೆಯಲ್ಲಿ ಅಡ್ಡಾಡುತ್ತಾ ಹೇಳಿ ನೋಡುತ್ತಿದ್ದೇನೆ. ಮೊದಲನೆಯದು ಬರುತ್ತದೆ, ಎರಡನೆಯದಕ್ಕೆ ದನಿ ಒಡೆಯುತ್ತದೆ. ಲಂಡನ್ ಇನ್ನೂ ನಾಲ್ಕೂವರೆ ಗಂಟೆ ದೂರ. ನಾಳೆ ಬೆಳಿಗ್ಗೆ ರೈಲಿನಲ್ಲಿ ಖಾಲಿ ಡಬ್ಬಿ ನೋಡಿ ಕೂತು, ವೇಕ್‌ಫೀಲ್ಡ್ ದಾಟುವಷ್ಟರಲ್ಲಿ ಅದನ್ನೂ ಬಾಯಿಗೆ ಕೂರಿಸಿಕೊಳ್ಳುತ್ತೇನೆ.

ಆಂಬ್ರೋಸ್